ಯುದ್ಧ ಅಡುಗೆಮನೆಗೆ ಬಂದಾಗ

ಅನಿಮೇಷನ್ ಎಂದರೆ ಮಕ್ಕಳನ್ನು ಸುಮ್ಮನೆ ಕೂರಿಸುವ ಉಪಾಯ ಎಂದು ತಿಳಿದವರು ನಮ್ಮಲ್ಲಿ ಈಗಲೂ ಇದ್ದಾರೆ. ಅವರು ಜಪಾನಿನ ಇಸಾವೊ ತಕಹಾತಾ (1935–2018) ಅವರ ಚಿತ್ರಗಳನ್ನು ನೋಡಬೇಕು. ವಿಚಿತ್ರವೆಂದರೆ ಈ ನಿರ್ದೇಶಕರು ಸ್ವತಃ ಚಿತ್ರ ಬಿಡಿಸುತ್ತಿರಲಿಲ್ಲ. ಟೋಕಿಯೊ ವಿಶ್ವವಿದ್ಯಾನಿಲಯದಲ್ಲಿ ಫ್ರೆಂಚ್ ಸಾಹಿತ್ಯ ಓದಿ ಬಂದವರು. 1968ರಲ್ಲಿ ಮೊದಲ ಚಿತ್ರ, 1974ರಲ್ಲಿ ಟಿ.ವಿ.ಗೆ 'ಹೈಡಿ', 1985ರಲ್ಲಿ ಹಯಾವೊ ಮಿಯಾಝಾಕಿಯವರ ಜೊತೆ ಸ್ಟುಡಿಯೊ ಘಿಬ್ಲಿ. ನಡುವೆ ಯಾನಗಾವಾ ಪಟ್ಟಣದ ಕಾಲುವೆಗಳ ಬಗ್ಗೆ ಒಂದು ಸಾಕ್ಷ್ಯಚಿತ್ರ.

ಜಗತ್ತು ಅವರನ್ನು ಗುರುತಿಸಿದ್ದು 1988ರ 'ಗ್ರೇವ್ ಆಫ್ ದಿ ಫೈರ್‌ಫ್ಲೈಸ್' ಮೂಲಕ. ಅಕಿಯುಕಿ ನೊಸಾಕಾ 1967ರಲ್ಲಿ ಬರೆದ ಕತೆ ಅದು. ಯುದ್ಧಕಾಲದಲ್ಲಿ ಹಸಿವಿನಿಂದ ತೀರಿಕೊಂಡ ತನ್ನ ತಂಗಿಯ ಋಣ ತೀರಿಸಲು ಬರೆದಂತಿದೆ. ತಕಹಾತಾ ಕೂಡ 1945ರ ಜೂನ್‌ನಲ್ಲಿ, ಒಂಬತ್ತರ ವಯಸ್ಸಿನಲ್ಲಿ, ಒಕಾಯಾಮಾದ ಬಾಂಬ್ ದಾಳಿಯಿಂದ ಬರಿಗಾಲಲ್ಲಿ ಓಡಿ ಬದುಕಿದವರು.

ಚಿತ್ರ ನೋಡಿದವರೆಲ್ಲ ಅತ್ತು, ಅಣ್ಣತಂಗಿಯರಿಗೆ ಆಶ್ರಯ ಕೊಟ್ಟ ಬಂಧು ಹೆಂಗಸನ್ನು ಶಪಿಸುತ್ತಾರೆ. ನಾನೂ ಮೊದಲ ಸಲ ಹಾಗೆಯೇ ಮಾಡಿದೆ. ಎರಡನೆಯ ಸಲ ನೋಡುವಾಗ ಅವಳ ಸೌಟಿನ ಮೇಲೆ ಕಣ್ಣು ನೆಟ್ಟಿತು. ಮಕ್ಕಳ ಸತ್ತ ತಾಯಿಯ ಕಿಮೊನೊ ಮಾರಿ ಅಕ್ಕಿ ತರುತ್ತಾಳೆ. ದುಡಿಯುವವರಿಗೆ ಅನ್ನ, ಈ ಮಕ್ಕಳಿಗೆ ತೆಳು ಗಂಜಿ. ದೇಶಕ್ಕಾಗಿ ದುಡಿಯದವರಿಗೆ ಇಷ್ಟೇ ಎಂಬುದು ಅವಳ ನ್ಯಾಯ. ಆ ನ್ಯಾಯ ಅವಳು ಕಟ್ಟಿದ್ದಲ್ಲ, ಸರಕಾರದಿಂದ ಕಲಿತದ್ದು. ಹುಡುಗ ಸೇತಾ ನಿರಪರಾಧಿ ಎಂದೂ ತಕಹಾತಾ ಹೇಳುವುದಿಲ್ಲ. ತಾಯಿ ಬ್ಯಾಂಕಿನಲ್ಲಿಟ್ಟ ಏಳು ಸಾವಿರ ಯೆನ್ ಇದ್ದರೂ, ತಗ್ಗಿ ನಡೆಯಲಾರದೆ ತಂಗಿಯನ್ನು ಕರೆದುಕೊಂಡು ಗುಹೆಗೆ ಹೋಗುತ್ತಾನೆ. ಆ ಹಟದ ಬೆಲೆ ತೆತ್ತವಳು ನಾಲ್ಕು ವರ್ಷದ ಸೆತ್ಸುಕೊ. ಕತೆ ಬರೆಯುವ ನನಗೆ ಈ ನಿಷ್ಠುರತೆ ಭಯ ಹುಟ್ಟಿಸುತ್ತದೆ. ಪಾತ್ರದ ಮೇಲೆ ಮಮತೆ ಹುಟ್ಟಿದ ಕೂಡಲೇ ನಾವು ಅದರ ತಪ್ಪುಗಳನ್ನು ಮುಚ್ಚಿಬಿಡುತ್ತೇವಲ್ಲ.

ಇದು ಯುದ್ಧವಿರೋಧಿ ಚಿತ್ರವಲ್ಲ ಎಂದು ತಕಹಾತಾ ಹೇಳುತ್ತಲೇ ಬಂದರು. ಇಂಥ ಚಿತ್ರಗಳಿಂದ ಯುದ್ಧ ನಿಲ್ಲದೆಂದು ಅವರಿಗೆ ಗೊತ್ತಿತ್ತು. ನನ್ನ ತಕರಾರು ಬೇರೆ. ಸೇತಾನ ತಂದೆ ನೌಕಾಪಡೆಯ ಅಧಿಕಾರಿ. ಆ ಪಡೆ ಏಷ್ಯಾದಲ್ಲಿ ಮಾಡಿದ್ದೇನು ಎಂಬುದು ಚಿತ್ರದಲ್ಲಿಲ್ಲ. ಈ ಕೊರತೆ ತಕಹಾತಾಗೆ ತಿಳಿಯದ್ದೇನಲ್ಲ. ಮಂಚೂರಿಯಾದಲ್ಲಿ ಜಪಾನಿನ ಆಕ್ರಮಣದ ಹಿನ್ನೆಲೆಯ ಚಿತ್ರವೊಂದನ್ನು ಯೋಜಿಸಿದ್ದರು. 1989ರ ತಿಯಾನನ್‌ಮೆನ್ ಹತ್ಯೆಗಳ ನಂತರ ಅದು ಕೈಬಿಟ್ಟುಹೋಯಿತು. ಆ ಚಿತ್ರ ಬಂದಿದ್ದರೆ ಇದರ ಜೋಡಿಯಾಗಿ ನಿಲ್ಲುತ್ತಿತ್ತು.

2013ರಲ್ಲಿ ಜಲವರ್ಣದ ಕುಂಚಗೆರೆಗಳಲ್ಲಿ ಮಾಡಿದ 'ಕಾಗುಯಾ ರಾಜಕುಮಾರಿ' ಅವರ ಕೊನೆಯ ಪೂರ್ಣಪ್ರಮಾಣದ ಚಿತ್ರ. ಸೊಬಗಿನಲ್ಲಿ ಅದೇ ಮೇಲು. ಆದರೂ ನನ್ನನ್ನು ಬಿಡದಿರುವುದು ಮಿಂಚುಹುಳುಗಳ ಚಿತ್ರದ ಕೊನೆಯ ದೃಶ್ಯ: ಸತ್ತ ಮಕ್ಕಳಿಬ್ಬರೂ ಗುಡ್ಡದ ಬೆಂಚಿನ ಮೇಲೆ ಕುಳಿತಿದ್ದಾರೆ, ಕೆಳಗೆ ಇಂದಿನ ಕೋಬೆಯ ದೀಪದ ಗೋಪುರಗಳು. ತಂಗಿ ನಿದ್ದೆ ಹೋಗಿದ್ದಾಳೆ. ಸೇತಾ ಒಮ್ಮೆ ನೇರವಾಗಿ ನಮ್ಮತ್ತ ನೋಡುತ್ತಾನೆ.