ಅಮೀರಬಾಯಿ ಕರ್ನಾಟಕಿಯವರ ಅಭಿನಯವಿಚಾರ

ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕಗಳೆಂದು ಅಭಿನಯವು ನಾಲ್ಕು ವಿಧವೆಂಬುದು ನಾಟ್ಯಶಾಸ್ತ್ರವನ್ನು ಬಲ್ಲವರಿಗೆಲ್ಲ ವಿದಿತವೇ ಇದೆ. ಇವುಗಳಲ್ಲಿ ವಾಕ್ಕನ್ನು ಭರತಮುನಿಯು ನಾಟ್ಯದ ಶರೀರವೆಂದೇ ಕರೆದಿರುವನು. ಪಾತ್ರದ ಬಾಯಿಂದ ಹೊರಡುವ ನುಡಿಯು ಆ ಪಾತ್ರವನ್ನು ಧರಿಸಿದವನದೇ ಆಗಿರಬೇಕೆಂಬುದನ್ನು ಪೂರ್ವಿಕರು ಪ್ರತ್ಯೇಕವಾಗಿ ಸಾಧಿಸಹೋಗಲಿಲ್ಲ. ಅದು ಅವರಿಗೆ ಸ್ವತಃಸಿದ್ಧವಾಗಿ ತೋರಿದ್ದಿತು. 20ನೆಯ ಶತಮಾನದ ವಾಕ್ಚಿತ್ರವು ಈ ನಂಬಿಕೆಯನ್ನು ಅಲುಗಿಸಿತು. ಒಬ್ಬರ ಕಂಠವನ್ನು ಇನ್ನೊಬ್ಬರ ಮುಖಕ್ಕೆ ಜೋಡಿಸುವ ಯಂತ್ರೋಪಾಯವು ದೊರೆತ ಮೇಲೆ, ಅಭಿನಯಿಸಿದವರು ಯಾರು ಎಂಬ ಪ್ರಶ್ನೆಯು ಅನಿವಾರ್ಯವಾಯಿತು. ಈ ಪ್ರಶ್ನೆಯನ್ನು ಪರೀಕ್ಷಿಸಲು ವಿಜಯಪುರ ಸೀಮೆಯ ಅಮೀರಬಾಯಿ ಕರ್ನಾಟಕಿಯವರ ಕಲಾಜೀವನಕ್ಕಿಂತ ತಕ್ಕ ಉದಾಹರಣೆಯು ದೊರೆಯುವುದು ದುರ್ಲಭ.

ಆ ಸೀಮೆಗೆ ರಸವಿಚಾರವು ಹೊಸತಲ್ಲ. ಎರಡನೆಯ ಇಬ್ರಾಹಿಂ ಆದಿಲಶಾಹನು (1580–1627) ನವರಸಗಳ ಹೆಸರನ್ನೇ ಇಟ್ಟು ‘ಕಿತಾಬ್-ಎ-ನವರಸ್’ ಎಂಬ ಗೇಯಕೃತಿಯನ್ನು ದಖನಿ ಭಾಷೆಯಲ್ಲಿ ರಚಿಸಿ, ಅದರಲ್ಲಿ ಸರಸ್ವತಿಯನ್ನು ಸ್ತುತಿಸಿದನು. ಮುಸಲ್ಮಾನ ಮನೆತನದಲ್ಲಿ ಹುಟ್ಟಿ, ಭಕ್ತಿಪರವಾದ ಪೌರಾಣಿಕ ಚಿತ್ರಗಳಲ್ಲಿ ಹಾಡಿ ನಟಿಸಿದ ಅಮೀರಬಾಯಿಯವರು ಈ ಪರಂಪರೆಗೆ ಪರಕೀಯರಲ್ಲ. ಇವರ ಜನ್ಮಸ್ಥಳವಾದ ಬೀಳಗಿಯು ಆಗ ವಿಜಾಪುರ ಜಿಲ್ಲೆಗೆ ಸೇರಿದ್ದು, 1997ರಲ್ಲಿ ಹೊಸದಾದ ಬಾಗಲಕೋಟೆ ಜಿಲ್ಲೆಗೆ ಸಂದಿತು. ಡಾ. ರಹಮತ್ ತರೀಕೆರೆಯವರು ಇವರ ಚರಿತ್ರೆಯನ್ನು ಕನ್ನಡದಲ್ಲಿ ಬರೆದಿರುವುದರಿಂದ ಜೀವನವೃತ್ತಾಂತವನ್ನು ಇಲ್ಲಿ ವಿಸ್ತರಿಸುವುದು ಅನಾವಶ್ಯಕ. ಅಭಿನಯದ ದೃಷ್ಟಿಯಿಂದ ಇವರ ಸ್ಥಾನವೇನೆಂಬುದೊಂದೇ ಪ್ರಕೃತ ವಿಚಾರ.

ಈ ಕಲಾಜೀವನದಲ್ಲಿ ಮೂರು ಅವಸ್ಥೆಗಳು ಸ್ಪಷ್ಟವಾಗಿ ತೋರುತ್ತವೆ. ಮೊದಲನೆಯದರಲ್ಲಿ ಮುಖವೂ ಕಂಠವೂ ತಮ್ಮವೇ. ಎರಡನೆಯದರಲ್ಲಿ ಕಂಠ ತಮ್ಮದು, ಮುಖ ಅನ್ಯರದು. ಮೂರನೆಯದರಲ್ಲಿ ಮುಖ ತಮ್ಮದು, ಆದರೆ ಗೀತವು ಅನ್ಯರ ಪಾಲಾಯಿತು. ಲೋಕವು ಎರಡನೆಯದನ್ನು ಹೊಗಳಿ, ಮೊದಲನೆಯದನ್ನು ಮರೆತು, ಮೂರನೆಯದನ್ನು ಅವನತಿಯೆಂದು ಎಣಿಸಿತು. ಈ ಎಣಿಕೆಯು ಎಷ್ಟುಮಟ್ಟಿಗೆ ಸಾಧುವೆಂಬುದನ್ನು ನೋಡಬೇಕು.

ಕನ್ನಡದ ಪ್ರಥಮ ವಾಕ್ಚಿತ್ರ ‘ಸತಿ ಸುಲೋಚನಾ’ವು ತೆರೆಗೆ ಬಂದ 1934ರಲ್ಲಿಯೇ ಅಮೀರಬಾಯಿಯವರು ‘ವಿಷ್ಣುಭಕ್ತಿ’ ಎಂಬ ಹಿಂದೀ ಚಿತ್ರದಿಂದ ಮುಂಬಯಿಯಲ್ಲಿ ತೆರೆಯನ್ನೇರಿದರು. ಆಗಿನ ಚಿತ್ರಗಳಲ್ಲಿ ಹಾಡಬಲ್ಲವರೇ ನಟಿಸಬೇಕಾಗಿದ್ದಿತು. ರಂಗಭೂಮಿಯ ನಿಯಮವೇ ಚಿತ್ರಶಾಲೆಯ ನಿಯಮವೂ ಆಗಿದ್ದಿತು. ಮರುವರ್ಷ, ಎಂದರೆ 1935ರಲ್ಲಿ, ಕಲ್ಕತ್ತೆಯ ‘ಧೂಪ್ ಛಾವ್’ ಚಿತ್ರದಲ್ಲಿ ಹಿನ್ನೆಲೆ ಗಾಯನವು ಹಿಂದೀ ಚಿತ್ರಗಳಿಗೆ ಪ್ರವೇಶಮಾಡಿತು. ಹೀಗೆ ಹಳೆಯ ನಿಯಮವು ಕೊನೆಗಾಣುವ ಹೊತ್ತಿಗೆ ಅದರಲ್ಲಿ ಪಳಗತೊಡಗಿ, ಹೊಸ ನಿಯಮದಲ್ಲಿ ಪ್ರಸಿದ್ಧಿಗೆ ಬಂದುದೇ ಇವರ ವೈಶಿಷ್ಟ್ಯ.

ಇದಕ್ಕೆ ಪ್ರತಿಯಾಗಿ ಇವರ ಅಕ್ಕ ಗೋಹರಬಾಯಿಯವರು ರಂಗಭೂಮಿಯನ್ನು ಆಶ್ರಯಿಸಿದರು. ಸ್ತ್ರೀಭೂಮಿಕೆಗಳಿಂದ ಜಗತ್ಪ್ರಸಿದ್ಧರಾದ ಮರಾಠೀ ನಟ ಬಾಲಗಂಧರ್ವರು ಪ್ರಭಾತ ಸಂಸ್ಥೆಯ ‘ಧರ್ಮಾತ್ಮಾ’ (1935) ಚಿತ್ರದಲ್ಲಿ ಏಕನಾಥರ ಪಾತ್ರವನ್ನು ವಹಿಸಿ, ಚಿತ್ರಜೀವನವು ಒಗ್ಗದೆ ರಂಗಕ್ಕೆ ಮರಳಿದರು. ಅನಂತರ ಅವರ ಮಂಡಳಿಯನ್ನು ಸೇರಿದ ಗೋಹರಬಾಯಿಯವರು, ಪುರುಷನೊಬ್ಬನು ಶಿಖರಕ್ಕೇರಿಸಿದ್ದ ಸ್ತ್ರೀಭೂಮಿಕೆಯನ್ನು ಅದೇ ಮಂಡಳಿಯಲ್ಲಿ ಸ್ತ್ರೀಯಾಗಿ ನಿರ್ವಹಿಸಬೇಕಾಯಿತು. ಒಂದೇ ಮನೆಯ ಇಬ್ಬರು ಸೋದರಿಯರಲ್ಲಿ ಒಬ್ಬರು ಕಂಠವೂ ಕಾಯವೂ ಅಗಲದಿರುವ ರಂಗದಲ್ಲಿ ನಿಂತರು. ಇನ್ನೊಬ್ಬರು ಅವೆರಡೂ ಅಗಲಿದ ಚಿತ್ರಶಾಲೆಯನ್ನು ಹೊಕ್ಕರು.

ಎರಡನೆಯ ಅವಸ್ಥೆಯ ಪರಮಾವಧಿಯು 1943ರ ‘ಕಿಸ್ಮತ್’. ಬಾಂಬೆ ಟಾಕೀಸಿನ ಈ ಚಿತ್ರವನ್ನು ಜ್ಞಾನ ಮುಖರ್ಜಿಯವರು ನಿರ್ದೇಶಿಸಿದರು. ಗೀತಗಳು ಪ್ರದೀಪರವು, ಸಂಗೀತವು ಅನಿಲ ಬಿಸ್ವಾಸರದು. ಕಲ್ಕತ್ತೆಯ ರಾಕ್ಸಿ ಚಿತ್ರಮಂದಿರದಲ್ಲಿ ಇದು 3 ವರ್ಷಗಳಿಗೂ ಮೀರಿ ನಡೆಯಿತು. ನಾಯಿಕೆಯಾದ ರಾಣಿಯು ಒಂದು ಕಾಲಕ್ಕೆ ರಂಗದ ಮೇಲೆ ಕುಣಿದು ಕೀರ್ತಿ ಪಡೆದು, ತಂದೆಯ ಧನಲೋಭದಿಂದ ಕಾಲು ಕಳೆದುಕೊಂಡು ಕುಂಟಿಯಾದವಳು. ಮುಖ ಮುಮ್ತಾಜ್ ಶಾಂತಿಯವರದು; ಗದ್ಯದ ಮಾತುಗಳೂ ಅವರವೇ; ಗೀತಗಳ ಕಂಠವು ಅಮೀರಬಾಯಿಯವರದು. ಕುಣಿಯಬೇಕಾದವಳಿಗೆ ಚರಣಗಳಿಲ್ಲವೆಂಬುದೇ ಇಲ್ಲಿಯ ಕರುಣಕ್ಕೆ ಬೀಜ. ಆಂಗಿಕವು ಕಥಾವಶದಿಂದಲೇ ಕುಂಠಿತವಾದುದರಿಂದ ಭಾವದ ಭಾರವೆಲ್ಲ ಗೀತದ ಮೇಲೆ ಬೀಳುತ್ತದೆ. ಊರಿನ ಮನೆಮನೆಗಳಲ್ಲಿ ದೀಪಾವಳಿಯ ದೀಪಗಳು ಬೆಳಗುತ್ತಿರಲು ತನ್ನ ಮನೆಯೊಂದರಲ್ಲಿ ಕತ್ತಲೆ ಕವಿದಿದೆಯೆಂಬ ಅರ್ಥದ ಗೀತದಲ್ಲಿ ಗಾಯಿಕೆಯು ರೋದಿಸುವುದಿಲ್ಲ. ಸ್ವರವನ್ನು ನೆಟ್ಟಗೆ ಹಿಡಿದು, ಪದಾಂತದಲ್ಲಿ ಮಾತ್ರ ಸಡಿಲಿಸುವಳು. ಆ ಸಡಿಲಿಕೆಯಲ್ಲಿಯೇ ಪಾತ್ರದ ಅಭಿಮಾನವೂ ದೈನ್ಯವೂ ಒಟ್ಟಿಗೆ ತಿಳಿಯುತ್ತವೆ. ಅದೇ ಚಿತ್ರದ ದೇಶಾಭಿಮಾನದ ಸಮೂಹಗೀತದಲ್ಲಿ ಈ ಗುಣವು ಕಾಣದು. ಅಲ್ಲಿ ಸಮೂಹದ ಆವೇಶವು ಮುಂದೆ ಬಂದು ಪಾತ್ರವು ಮರೆಯಾಗುತ್ತದೆ.

ಇಲ್ಲಿ ಪೂರ್ವಪಕ್ಷವೊಂದು ಏಳಬಹುದು: ಗಾಯಕರು ಬೇರೆ, ನಟರು ಬೇರೆ ಎಂಬ ವ್ಯವಸ್ಥೆಯು ಭರತನ ಕಾಲದಲ್ಲಿಯೂ ಇದ್ದಿತಷ್ಟೆ? ಧ್ರುವಾಗೀತಗಳನ್ನು ಹಾಡಿದವರು ಕುತಪದಲ್ಲಿ ಕುಳಿತ ಗಾಯಕರು. ಯಕ್ಷಗಾನದಲ್ಲಿ ಹಾಡುವವನು ಭಾಗವತನು. ಅವರನ್ನು ನಟರೆಂದು ಯಾರೂ ಕರೆಯಲಿಲ್ಲ. ಅಮೀರಬಾಯಿಯವರನ್ನು ಮಾತ್ರ ಏಕೆ ಕರೆಯಬೇಕು?

ಸಮಾಧಾನವು ಹೀಗೆ. ಕುತಪದ ಗಾಯಕನೂ ಭಾಗವತನೂ ಸಾಮಾಜಿಕರ ಕಣ್ಣೆದುರಿಗೆ ಇರುವರು. ಅವರ ಗೀತವು ಪಾತ್ರದ ಪ್ರವೇಶ ನಿಷ್ಕ್ರಮಣಗಳನ್ನೂ ಮನಸ್ಸಿನ ಅವಸ್ಥೆಯನ್ನೂ ಹೊರಗಿನಿಂದ ಬಣ್ಣಿಸಿದರೂ, ಪಾತ್ರದ ಅಳಲನ್ನೇ ಹಾಡಿದರೂ, ಅದು ಪಾತ್ರದ ಬಾಯಿಂದಲೇ ಬಂದಿತೆಂಬ ಭ್ರಾಂತಿಯನ್ನು ಹುಟ್ಟಿಸಬಯಸದು. ಚಿತ್ರದ ಗೀತವಾದರೋ ಆ ಭ್ರಾಂತಿಯಿಂದಲೇ ಬದುಕುತ್ತದೆ. ಆದುದರಿಂದ ಹಿನ್ನೆಲೆಯ ಗಾಯಿಕೆಯು ಪಾತ್ರದ ಅವಸ್ಥೆಯನ್ನು ಅನುಕರಿಸಲೇಬೇಕು. ಅವಸ್ಥಾನುಕರಣವೇ ನಾಟ್ಯವೆಂಬುದು ಧನಂಜಯನ ಲಕ್ಷಣ. ಇದಕ್ಕಿಂತ ಬಲವತ್ತರವಾದ ಕಾರಣ ಇನ್ನೊಂದುಂಟು. ಸ್ತಂಭಾದಿ ಅಷ್ಟ ಸಾತ್ತ್ವಿಕಭಾವಗಳಲ್ಲಿ ಸ್ವರಭೇದವೂ ಒಂದು. ಅಶ್ರು ವೈವರ್ಣ್ಯಗಳಿಗೆ ಮುಖವು ಆಶ್ರಯವಾದಂತೆ ಸ್ವರಭೇದಕ್ಕೆ ಕಂಠವು ಆಶ್ರಯ. ‘ಕಿಸ್ಮತ್’ನ ಗೀತಪ್ರಸಂಗಗಳಲ್ಲಿ ಅಶ್ರುವು ಒಬ್ಬರದಾದರೆ ಸ್ವರಭೇದವು ಇನ್ನೊಬ್ಬರದು, ರಸವು ಒಂದೇ. ಹೀಗಿರುವಲ್ಲಿ ಒಬ್ಬರನ್ನು ನಟಿಯೆಂದೂ ಇನ್ನೊಬ್ಬರನ್ನು ಕೇವಲ ಗಾಯಿಕೆಯೆಂದೂ ಬೇರ್ಪಡಿಸುವುದಕ್ಕೆ ಶಾಸ್ತ್ರದ ಆಧಾರವಿಲ್ಲ.

ಲೋಕವಾದರೋ ಬೇರ್ಪಡಿಸಿತು. 1949ರ ‘ಮಹಲ್’ ಚಿತ್ರದ ಗ್ರಾಮೋಫೋನ್ ತಟ್ಟೆಯ ಮೇಲೆ ಮೊದಲು ಲತಾ ಮಂಗೇಶಕರರ ಹೆಸರಿಗೆ ಬದಲಾಗಿ ‘ಕಾಮಿನಿ’ ಎಂಬ ಪಾತ್ರದ ಹೆಸರೇ ಅಚ್ಚಾಗಿದ್ದಿತು. ಕಂಠವು ಪಾತ್ರದ ಅಂಗವೆಂದು ಒಪ್ಪಿಕೊಂಡರೂ ಆ ಅಂಗಕ್ಕೆ ಒಡತಿಯಿರುವಳೆಂಬುದನ್ನು ಉದ್ಯಮವು ಒಪ್ಪದಿದ್ದುದಕ್ಕೆ ಇದೇ ಸಾಕ್ಷಿ. ಆ ವರ್ಷದಿಂದೀಚೆಗೆ ಅಭಿರುಚಿಯೂ ಬದಲಾಯಿತು. ಅಮೀರಬಾಯಿಯವರದು ತೆರೆದ ಕಂಠ. ಸಭೆಯ ಕೊನೆಯ ಸಾಲಿಗೆ ಮುಟ್ಟಿಸಬೇಕೆಂಬ ರಂಗಕಾಲದ ಸಂಸ್ಕಾರವು ಅದರಲ್ಲಿ ಉಳಿದಿದ್ದಿತು. ಧ್ವನಿಗ್ರಾಹಕ ಯಂತ್ರವು ಸೂಕ್ಷ್ಮವಾದಷ್ಟೂ ಪಿಸುಮಾತಿನಷ್ಟು ಮೃದುವಾದ ಗಾಯನವು ಸಾಧ್ಯವಾಯಿತು. ಲತಾ ಅವರ ತೆಳುವಾದ ಉಚ್ಚಕಂಠವು ಅದಕ್ಕೆ ಒಪ್ಪಿತು. ಇದನ್ನು ಅನ್ಯಾಯವೆನ್ನುವುದಕ್ಕಿಂತ ಉಪಕರಣವು ಕಲೆಯನ್ನು ತಿದ್ದಿದ ಬಗೆಯೆನ್ನುವುದು ಯುಕ್ತ. 1948ರಲ್ಲಿ ‘ಶಹನಾಜ್’ ಚಿತ್ರಕ್ಕೆ ಸಂಗೀತನಿರ್ದೇಶನವನ್ನೂ ಮಾಡಿದ್ದ ಅಮೀರಬಾಯಿಯವರು ಕೊನೆಯ ವರ್ಷಗಳಲ್ಲಿ ಬಹುಮಟ್ಟಿಗೆ ಪೋಷಕಪಾತ್ರಗಳನ್ನು ವಹಿಸಿ, 1965ರಲ್ಲಿ ದಿವಂಗತರಾದರು.

ಈ ಮೂರನೆಯ ಅವಸ್ಥೆಯನ್ನು ಅವನತಿಯೆನ್ನುವವರು ‘ದಶರೂಪಕ’ವನ್ನು ಜ್ಞಾಪಿಸಿಕೊಳ್ಳಬೇಕು. ಪರಾರ್ಥವಾಗಿ ಪ್ರವರ್ತಿಸಿ, ಪ್ರಸಂಗವಶದಿಂದ ಸ್ವಾರ್ಥವನ್ನೂ ಪಡೆಯುವ ಇತಿವೃತ್ತಕ್ಕೆ ಪ್ರಾಸಂಗಿಕವೆಂದು ಹೆಸರು. ಪೋಷಕಪಾತ್ರದ ತತ್ತ್ವವೂ ಇದೇ. ನಾಯಿಕೆಯ ಮುಖಕ್ಕೆ ಕಂಠವನ್ನಿತ್ತ ವರ್ಷಗಳಲ್ಲಿಯೂ ಅಮೀರಬಾಯಿಯವರು ಮಾಡಿದುದು ಪರಾರ್ಥವಾದ ಅಭಿನಯವೇ. ಅನಂತರ ಅದನ್ನೇ ಕಣ್ಣಿಗೆ ಕಾಣುವಂತೆ ಮಾಡಿದರು. ಆದುದರಿಂದ ಎರಡನೆಯ ಮತ್ತು ಮೂರನೆಯ ಅವಸ್ಥೆಗಳ ನಡುವೆ ಸ್ವರೂಪಭೇದವಿಲ್ಲ, ಉಪಾಧಿಭೇದವು ಮಾತ್ರ.

ಇವರಿಗೆ ‘ಕನ್ನಡ ಕೋಗಿಲೆ’ಯೆಂಬ ಬಿರುದು ಪ್ರಸಿದ್ಧವಾಗಿದೆ. ಅದು ಪ್ರೀತಿಯ ಮಾತು. ಆದರೂ ಅಮರಸಿಂಹನನ್ನು ಓದಿದವರಿಗೆ ಅದರಲ್ಲೊಂದು ವಿಪರ್ಯಾಸವು ಹೊಳೆಯದಿರದು. ಅನ್ಯರಿಂದ ಪೋಷಿತವಾದುದರಿಂದ ಕೋಗಿಲೆಯು ‘ಪರಭೃತ’. ಅನ್ಯರ ಮರಿಯನ್ನು ಪೋಷಿಸುವುದರಿಂದ ಕಾಗೆಯು ‘ಪರಭೃತ್’. ಇಂಪಿಗೆ ಮರುಳಾದ ಲೋಕವು ಪೋಷಿಸಿದ ಹಕ್ಕಿಯನ್ನು ಹೊಗಳದು. ಅಮೀರಬಾಯಿಯವರ ಕಂಠವು ಕೋಗಿಲೆಯದಾದರೂ ವೃತ್ತಿಯು ಪೋಷಕವೃತ್ತಿ. ತಾವು ಪೋಷಿಸಿದ ಮುಖಗಳಿಗೆ ಕೀರ್ತಿಯು ಸಂದಿತು.

ವಿಜಯಪುರದಲ್ಲಿ ‘ಅಮೀರ್ ಟಾಕೀಸ್’ ಎಂಬ ಚಿತ್ರಮಂದಿರವು ಇವರ ಹೆಸರನ್ನು ಹೊತ್ತಿತು. ವಿದ್ವಾಂಸರ ಕಡೆಯಿಂದ ಸಲ್ಲಬೇಕಾದುದು ಇನ್ನೊಂದಿದೆ. ಕನ್ನಡಿಗರ ಅಭಿನಯಕಲೆಯ ಚರಿತ್ರೆಯನ್ನು ಬರೆಯುವವರೂ ಬೋಧಿಸುವವರೂ ಇವರನ್ನು ಸಂಗೀತದ ಅಧ್ಯಾಯದ ಅಂಚಿನಲ್ಲಿ ನಿಲ್ಲಿಸದೆ, ವಾಚಿಕಾಭಿನಯದ ಪ್ರಕರಣದಲ್ಲಿ ನಟಿಯೆಂದೇ ಗಣಿಸತಕ್ಕದ್ದು. ಮುಂಬಯಿಯಲ್ಲಿ ಹಿಂದಿಯಲ್ಲಿ ಹಾಡಿದವರೆಂಬ ಕಾರಣದಿಂದ ಅವರನ್ನು ಬಿಡುವುದೂ ಸಲ್ಲದು. ನಾಡಿನ ಹೆಸರನ್ನು ತಮ್ಮ ಹೆಸರಿನ ಕೊನೆಗೆ ‘ಕರ್ನಾಟಕಿ’ ಎಂದು ಕಡೆಯತನಕ ಉಳಿಸಿಕೊಂಡವರು ಅವರೇ.