ಹತ್ತಡಿ ಕೋಣೆಗೆ ಒಪ್ಪುವ ಕಪ್ಪು

ನನ್ನ ಕೋಣೆ 10 ಅಡಿ ಅಗಲ, 11 ಅಡಿ ಉದ್ದ. ಬಸವನಗುಡಿಯ ಹಳೆಯ ಮನೆಯೊಂದರ ಮಹಡಿಯಲ್ಲಿದೆ. ಪೂರ್ವಕ್ಕೊಂದೇ ಕಿಟಕಿ, ಉತ್ತರದ ಗೋಡೆಗೆ ಆತು ನಿಂತ ದಿವಾನ್, ಮೂಲೆಯಲ್ಲಿ ಅಜ್ಜಿ ಕಾಲದ ಬೀರು, ನಟ್ಟನಡುವೆ ತಾರಸಿಯಿಂದ ಇಳಿಬಿದ್ದ ಫ್ಯಾನು. ಇಷ್ಟಕ್ಕೆ ಸಿನಿಮಾ ನೋಡುವ ಒಂದು ಪರದೆ ಆರಿಸಲು ನಾನು ಎಂಟು ತಿಂಗಳು ತೆಗೆದುಕೊಂಡೆ. "ಹೆಣ್ಣು ನೋಡೋವಾಗಲೂ ಇಷ್ಟು ಯೋಚನೆ ಮಾಡಲಿಲ್ಲವಲ್ಲೋ ನೀನು" ಎಂದು ಅಕ್ಕ ರೇಗಿಸಿದಳು. ಏನು ಮಾಡಲಿ, ಆರಿಸುವುದರಲ್ಲೇ ಅರ್ಧ ಸುಖವಿತ್ತು. ರೇಷ್ಮೆ ಸೀರೆಯ ಅಂಗಡಿಯಲ್ಲಿ ಒಂದೊಂದೇ ಮಡಿಕೆ ಬಿಚ್ಚಿಸಿ, ಸೆರಗಿನ ಮೇಲೆ ಬೆರಳಾಡಿಸುತ್ತ ಕೂತ ಹೆಂಗಸರ ಮುಖದಲ್ಲಿರುತ್ತದಲ್ಲ, ಅಂಥ ಸುಖ.

ಅಂಗಡಿಯಲ್ಲಿ ಟಿವಿಗಳೆಲ್ಲ ಮದುವೆಮನೆಯ ಸಿಂಗಾರದಲ್ಲಿ ನಿಂತಿರುತ್ತವೆ. ಬೆಳಕನ್ನು ತುದಿಗೇರಿಸಿ, ಬಣ್ಣವನ್ನು ಮೇಲಕ್ಕೆಳೆದು, ಗಿಳಿಗಳನ್ನೂ ಹಣ್ಣುಗಳನ್ನೂ ತೋರಿಸುತ್ತಿರುತ್ತಾರೆ. ಮೊದಲೆರಡು ಸಲ ನಾನೂ ಮರುಳಾದೆ. ಮೂರನೆಯ ಸಲ ಹೋದದ್ದು ಅಂಗಡಿ ಮುಚ್ಚುವ ಹೊತ್ತಿಗೆ. ಹುಡುಗ ಒಂದು ಸಾಲಿನ ಟ್ಯೂಬ್‌ಲೈಟು ಆರಿಸಿದ. ಐದು ಟಿವಿಗಳಲ್ಲೂ ಒಂದೇ ಚಿತ್ರ: ರಾತ್ರಿಯ ಊರು, ಕೆರೆಯ ದಂಡೆಯುದ್ದಕ್ಕೂ ದೀಪ. ನಾಲ್ಕು ಟಿವಿಗಳ ಆಕಾಶ ಬೂದಿ ಬಳಿದಂತಿತ್ತು. ಐದನೆಯದರಲ್ಲಿ ಆಕಾಶವೇ ಇರಲಿಲ್ಲ. ಪರದೆಯ ಅಂಚು ಎಲ್ಲಿ ಮುಗಿಯಿತು, ಗೋಡೆಯ ಕತ್ತಲು ಎಲ್ಲಿ ಶುರುವಾಯಿತು ತಿಳಿಯದು. ದೀಪಗಳು ಬರೀ ಗಾಳಿಯಲ್ಲಿ, ಯಾರೋ ಈಗಷ್ಟೇ ತೇಲಿಬಿಟ್ಟಂತೆ, ಸುಮ್ಮನೆ ನಿಂತಿದ್ದವು. ಪರದೆಯನ್ನು ಅದರ ಕಪ್ಪು ನೋಡಿ ಆರಿಸಬೇಕು ಎಂದು ನನಗೆ ಹೊಳೆದದ್ದು ಅಲ್ಲಿ, ಹುಡುಗ ಷಟರಿಗೆ ಕೈಹಾಕಿ ಕಾಯುತ್ತಿದ್ದಾಗ.

ಕಪ್ಪಿನಲ್ಲಿ ಎಷ್ಟು ಬಗೆ! ಹೊಸ ಕಂಬಳಿಯದೊಂದು, ತೊಳೆದ ಕರಿ ಎಳ್ಳಿನದೊಂದು, ಹರಳೆಣ್ಣೆಯ ಸೊಡರಿಗೆ ಹಿಡಿದು ತೆಗೆದ ಕಾಡಿಗೆಯದೊಂದು, ನಾಲ್ಕು ಮಳೆಗಾಲ ಕಂಡ ಕೊಡೆಯದೊಂದು. ಪರದೆಗಳಲ್ಲಿಯೂ ಇವೆಲ್ಲ ಇವೆ. ಯಾವುದಕ್ಕೆ ಯಾವ ಕಪ್ಪು ಎಂಬುದು ಅದರ ಬೆಳಕು ಹುಟ್ಟುವ ಕಡೆ ನಿರ್ಧಾರವಾಗುತ್ತದೆ.

ಅಂಗಡಿಯವರು ಎಲ್‌ಇಡಿ ಎಂದು ಕರೆಯುವ ಎಲ್‌ಸಿಡಿ ಟಿವಿಗಳು ನಮ್ಮ ತೊಗಲುಗೊಂಬೆಯಾಟದ ವಂಶದವು. ಅಲ್ಲಿ ಹಿಂದೆ ದೀಪ, ಮುಂದೆ ಬಿಳಿಯ ಬಟ್ಟೆ, ನಡುವೆ ಹದ ಮಾಡಿ ಬಣ್ಣ ಹಚ್ಚಿದ ತೆಳ್ಳನೆಯ ತೊಗಲು. ಬೆಳಕು ಅದನ್ನು ಹಾದು ಬರುವಾಗ ರಾವಣನ ಕೆಂಪು ಉರಿಯುತ್ತದೆ. ಇಲ್ಲೂ ಹಾಗೆಯೇ: ಹಿಂದೆ ದೀಪಗಳ ಹಾಸು, ಮುಂದೆ ದ್ರವಸ್ಫಟಿಕದ ಲಕ್ಷಾಂತರ ಪುಟ್ಟ ಕದಗಳು, ಅವಕ್ಕೊಂದು ಬಣ್ಣದ ಪದರ. ಕದ ಎಷ್ಟೇ ಬಿಗಿಯಾಗಿ ಮುಚ್ಚಿದರೂ ಸಂದಿಯಲ್ಲಿ ಬೆಳಕು ಜಿನುಗುತ್ತದೆ. ಆ ಜಿನುಗೇ ನಾನು ಕಂಡ ಬೂದಿ. ಮಿನಿ ಎಲ್‌ಇಡಿ ಎಂಬ ಮೇಲಿನ ದರ್ಜೆಯವು ಹಿಂದಿನ ದೀಪಗಳನ್ನು ಗುಂಪು ಗುಂಪಾಗಿ ವಿಂಗಡಿಸಿ, ಕತ್ತಲು ಬೇಕಾದ ಕಡೆ ಆರಿಸುತ್ತವೆ. ಆಗ ಕಪ್ಪು ತುಂಬಾ ಚೆನ್ನಾಗಿ ಕೂರುತ್ತದೆ, ಚಂದ್ರನ ಸುತ್ತ ಮಾತ್ರ ಒಂದು ತೆಳು ಪ್ರಭೆ ಉಳಿಯುತ್ತದೆ. ಹಗಲೆಲ್ಲ ಬಿಸಿಲು ಬೀಳುವ, ಮಕ್ಕಳು ಕ್ರಿಕೆಟ್ ನೋಡುವ ಕೋಣೆಗೆ ಇದೇ ಸರಿ.

ಐದನೆಯದು, ನನ್ನ ಮನಸ್ಸು ಕದ್ದದ್ದು, ಓಎಲ್‌ಇಡಿ. ಅದರ ಹಿಂದೆ ದೀಪವೇ ಇಲ್ಲ. ಪ್ರತಿ ಚುಕ್ಕೆಯೂ ತಾನೇ ಹಣತೆ. 4ಕೆ ಪರದೆಯಲ್ಲಿ 3840ಕ್ಕೆ 2160, ಅಂದರೆ ಸುಮಾರು 83 ಲಕ್ಷ ಚುಕ್ಕೆಗಳು. ಕಾರ್ತಿಕದ ದೀಪೋತ್ಸವದಲ್ಲಿ ದೇವಸ್ಥಾನದ ಪ್ರಾಕಾರವನ್ನು ನೆನೆಸಿಕೊಳ್ಳಿ. ಹಚ್ಚಿದ ಹಣತೆ ಬೆಳಗುತ್ತದೆ, ಹಚ್ಚದ ಕಡೆ ರಾತ್ರಿ ರಾತ್ರಿಯಾಗಿಯೇ ಇರುತ್ತದೆ. ಕಪ್ಪು ಬೇಕಾದಲ್ಲಿ ಈ ಪರದೆ ತನ್ನ ಹಣತೆಯನ್ನು ಪೂರ್ತಿ ಆರಿಸಿಬಿಡುತ್ತದೆ. ಕಾಡಿಗೆಯ ಕಪ್ಪು ಇದು. ಮೆತ್ತಗೆ, ಆಳವಾಗಿ, ಬೆರಳಿಟ್ಟರೆ ಅಂಟುತ್ತದೇನೋ ಎನ್ನಿಸುವಂಥದು.

ಮನೆಗೆ ತಂದ ಮೊದಲ ರಾತ್ರಿ 'ಕಾಗಜ್ ಕೆ ಫೂಲ್' ಹಾಕಿದೆ. 1959ರ ಚಿತ್ರ, ಭಾರತದ ಮೊದಲ ಸಿನೆಮಾಸ್ಕೋಪ್. ಕ್ಯಾಮೆರಾ ಹಿಡಿದವರು ನಮ್ಮ ಮೈಸೂರಿನ ವಿ. ಕೆ. ಮೂರ್ತಿ, ಬೆಂಗಳೂರಿನ ಎಸ್.ಜೆ. ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತವರು, ಮುಂದೆ ಫಾಲ್ಕೆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕ. ಸಿನೆಮಾಸ್ಕೋಪ್ ಚಿತ್ರ ಉದ್ದುದ್ದ. 55 ಅಂಗುಲದ ಟಿವಿಯಲ್ಲಿ ಹಾಕಿದರೆ ಮೇಲೂ ಕೆಳಗೂ ಮೂರು ಅಂಗುಲ ಮಿಕ್ಕಿದ ಖಾಲಿ ಪಟ್ಟಿ ಉಳಿಯುತ್ತದೆ. ನನ್ನ ಹಳೆಯ ಟಿವಿಯಲ್ಲಿ ಆ ಪಟ್ಟಿಗಳು ಮಂಕು ಬಡಿದು ಕೂತಿರುತ್ತಿದ್ದವು. ಇಲ್ಲಿ ಅವು ಕರಗಿ ಹೋದವು. ದೀಪ ಆರಿಸಿದ ಕೋಣೆಯಲ್ಲಿ ಚಿತ್ರವೊಂದೇ ಉಳಿಯಿತು.

ಆಮೇಲೆ ಗೀತಾ ದತ್ ದನಿ. ಬರಿದಾದ ಸ್ಟುಡಿಯೋ. ವಹೀದಾ ರೆಹಮಾನ್ ಒಂದು ಕಡೆ, ಗುರುದತ್ ಇನ್ನೊಂದು ಕಡೆ. ಮೇಲಿನಿಂದ, ಧೂಳನ್ನು ಸೀಳಿಕೊಂಡು, ನಿಧಾನವಾಗಿ, ಒಂದು ಬಿಸಿಲುಕೋಲು. ಹೊರಗಿನ ನಿಜವಾದ ಬಿಸಿಲನ್ನು ಎರಡು ದೊಡ್ಡ ಕನ್ನಡಿಗಳಿಂದ ತಿರುಗಿಸಿ ಮೂರ್ತಿಯವರು ಅದನ್ನು ಒಳಗೆ ತಂದಿದ್ದರು. ಎಷ್ಟೋ ಸಲ ನೋಡಿದ್ದ ದೃಶ್ಯ. ಆದರೆ ಆ ಕೋಲಿನ ಅಂಚಿನಲ್ಲಿ ಬೆಳ್ಳಿ ಹೇಗೆ ಹೊಗೆಯಾಗುತ್ತದೆ, ಹೊಗೆ ಹೇಗೆ ನೆರಳಾಗುತ್ತದೆ, ನೆರಳು ಯಾವ ಗಳಿಗೆಯಲ್ಲಿ ಏನೂ ಇಲ್ಲವಾಗುತ್ತದೆ ಎಂಬುದನ್ನು ನಾನು ಕಂಡದ್ದು ಅಂದೇ. ಹಾಡು ಮುಗಿದ ಮೇಲೆ ಚಿತ್ರ ನಿಲ್ಲಿಸಿ, ಎದ್ದು ಹೋಗಿ ನೀರು ಕುಡಿದು ಬಂದೆ.

ಇಷ್ಟು ಹೇಳಿದ ಮೇಲೆ ಪ್ರೊಜೆಕ್ಟರಿನ ಮಾತು ಬೇಡವೆಂದುಕೊಂಡೀರಿ. ಅಯ್ಯೋ, ಅದರ ರುಚಿಯೇ ಬೇರೆ. ಟೆಂಟ್ ಸಿನಿಮಾದ ಮರಳಿನ ಮೇಲೆ ಕೂತು ಬೆಳೆದವನು ನಾನು. ಪರದೆ ನೋಡುವುದು ಬಿಟ್ಟು ಕತ್ತು ಹಿಂದಕ್ಕೆ ತಿರುಗಿಸಿ, ಬೀಡಿ ಹೊಗೆಯಲ್ಲಿ ಹೊರಳಾಡುತ್ತ ಬರುವ ಆ ನೀಲಿ ಬೆಳಕನ್ನು ನೋಡುತ್ತಿದ್ದೆ. ಟಿವಿಯ ಬೆಳಕು ನೇರ ಕಣ್ಣಿಗೆ ಬೀಳುತ್ತದೆ. ಪ್ರೊಜೆಕ್ಟರಿನದು ಗೋಡೆಗೆ ತಾಗಿ, ಅಲ್ಲಿ ಸ್ವಲ್ಪ ಮೆತ್ತಗಾಗಿ, ಬೆಳದಿಂಗಳಂತೆ ನಮ್ಮ ಕಡೆ ಮರಳುತ್ತದೆ. ಮುಖದ ಚರ್ಮ, ಹತ್ತಿಯ ಬಟ್ಟೆ, ಮಲೆನಾಡಿನ ಮಂಜು ಇವೆಲ್ಲ ಆ ಬೆಳಕಿನಲ್ಲಿ ಬಲು ಆಪ್ತ.

ಕುಸುರಿಯೂ ಕಡಿಮೆಯದಲ್ಲ. ಡಿಎಲ್‌ಪಿ ಪ್ರೊಜೆಕ್ಟರಿನ ಎದೆಯಲ್ಲಿ ಒಂದು ಪುಟ್ಟ ಚಿಪ್ ಇದೆ. ಅದರ ಮೇಲೆ ಕೂದಲೆಳೆಗಿಂತ ಸಣ್ಣ ಕನ್ನಡಿಗಳು ಲಕ್ಷಗಟ್ಟಲೆ ಸಾಲಾಗಿ ಕೂತಿವೆ. ಒಂದೊಂದೂ ಸೆಕೆಂಡಿಗೆ ಸಾವಿರಾರು ಸಲ ಅತ್ತಿತ್ತ ಓಲಾಡಿ ಬೆಳಕನ್ನು ಮಸೂರದ ಕಡೆಗೋ ಪಕ್ಕಕ್ಕೋ ಚೆಲ್ಲುತ್ತದೆ. ಟೆಕ್ಸಸ್ ಇನ್‌ಸ್ಟ್ರುಮೆಂಟ್ಸ್‌ನ ಲ್ಯಾರಿ ಹಾರ್ನ್‌ಬೆಕ್ ಇದನ್ನು ರೂಪಿಸಿದ್ದು 1987ರಲ್ಲಿ. ಕೊಡಕ್ ಕಂಪನಿಯ ಚಿಂಗ್ ಟ್ಯಾಂಗ್ ಮತ್ತು ಸ್ಟೀವನ್ ವ್ಯಾನ್ ಸ್ಲೈಕ್ ಓಎಲ್‌ಇಡಿಯ ದಾರಿ ತೆರೆದ ಪ್ರಬಂಧ ಪ್ರಕಟಿಸಿದ್ದೂ ಅದೇ 1987ರಲ್ಲಿ. ನನ್ನ ಎಂಟು ತಿಂಗಳನ್ನು ತಿಂದ ಎರಡೂ ಚೆಲುವೆಯರು ಒಂದೇ ವರ್ಷದವರು! ಮೂರ್ತಿಯವರ ಎರಡು ಕನ್ನಡಿ, ಹಾರ್ನ್‌ಬೆಕ್‌ರ ಲಕ್ಷ ಕನ್ನಡಿ: ಎರಡರದೂ ಬೆಳಕನ್ನು ಬೇಕಾದ ಕಡೆ ತಿರುಗಿಸುವ ಒಂದೇ ಕಸುಬು.

ಆ ಎಂಟು ತಿಂಗಳಲ್ಲೇ ಗೆಳೆಯನೊಬ್ಬ ತನ್ನ ಪ್ರೊಜೆಕ್ಟರನ್ನು ಒಂದು ವಾರಕ್ಕೆ ಕೊಟ್ಟ. ಅದಕ್ಕೆ ನನ್ನ ಕೋಣೆ ಒಪ್ಪಬೇಕಲ್ಲ. 100 ಅಂಗುಲದ ಚಿತ್ರ ಏಳೂಕಾಲು ಅಡಿ ಅಗಲ. ಅವನ ಯಂತ್ರದ ಥ್ರೋ ರೇಶಿಯೋ 1.2, ಅಂದರೆ ಅಗಲದ 1.2 ಪಟ್ಟು ದೂರ, ಹತ್ತಿರಹತ್ತಿರ ಎಂಟೂಮುಕ್ಕಾಲು ಅಡಿ ಬೇಕು. ಹತ್ತಡಿಯಲ್ಲಿ ಅದು ದಿವಾನಿನ ಬೆನ್ನಿಗೇ ಬರುತ್ತದೆ. ಸ್ಟೂಲಿನ ಮೇಲಿಟ್ಟರೆ ನನ್ನ ತಲೆಯೇ ಚಿತ್ರದಲ್ಲಿ ಪಾತ್ರಧಾರಿ. ಮೇಲೆ ಕಟ್ಟಿದರೆ ಫ್ಯಾನಿನ ರೆಕ್ಕೆಗಳು ಬೆಳಕನ್ನು ಕೊಚ್ಚುತ್ತವೆ. ಫ್ಯಾನು ನಿಲ್ಲಿಸಿದರೆ ಏಪ್ರಿಲ್ ಸೆಕೆ, ಜೊತೆಗೆ ಕಿವಿಯ ಪಕ್ಕದಲ್ಲೇ ಯಂತ್ರದ ಗುಂಯ್‌ಗುಡುವಿಕೆ. ಗೋಡೆಯ ಬುಡದಲ್ಲೇ ಕೂತು ಮೇಲಕ್ಕೆ ಬೆಳಕು ಚೆಲ್ಲುವ ಅಲ್ಟ್ರಾ ಶಾರ್ಟ್ ಥ್ರೋ ಯಂತ್ರಗಳಿಗೆ ಈ ಕಾಟವಿಲ್ಲ. ಆದರೆ ಅವುಗಳ ಬೆಳಕು ಗೋಡೆಯನ್ನು ಓರೆಯಾಗಿ ಸವರಿಕೊಂಡು ಹೋಗುವುದರಿಂದ ಗಾರೆಯ ಒಂದೊಂದು ಉಬ್ಬೂ ತಗ್ಗೂ ನಾಯಕಿಯ ಕೆನ್ನೆಯ ಮೇಲೆ ಏಳುತ್ತವೆ. ಮಟ್ಟಸವಾದ ಪರದೆ ಕಟ್ಟಲೇಬೇಕು.

ಬೆಳಕಿನ ಅಬ್ಬರಕ್ಕೆ ಮಾತ್ರ ಮರುಳಾಗಬೇಡಿ. ಡಿಜಿಟಲ್ ಚಿತ್ರಮಂದಿರದ ಪರದೆಗೆ ಗೊತ್ತುಮಾಡಿರುವ ಬೆಳಕು ಬರೀ 48 ನಿಟ್ಸ್ (ಪರದೆಯ ಹೊಳಪಿನ ಅಳತೆ). ಪೂರ್ತಿ ಕತ್ತಲಾದ ಕೋಣೆಯಲ್ಲಿ 100 ಅಂಗುಲದ ಬಿಳಿ ಪರದೆಯ ಮೇಲೆ ಅಷ್ಟು ಬೆಳಕು ಬೀಳಲು ಸುಮಾರು 420 ಆನ್ಸಿ ಲ್ಯೂಮೆನ್ (ಗೊತ್ತಾದ ಕ್ರಮದಲ್ಲಿ ಅಳೆದ ಯಂತ್ರದ ಬೆಳಕು) ಸಾಕು. ಡಬ್ಬಿಯ ಮೇಲೆ ಸಾವಿರಗಟ್ಟಲೆ ಬರೆದಿದ್ದರೆ 'ಆನ್ಸಿ' ಎಂಬ ಮಾತು ಜೊತೆಗಿದೆಯೇ ನೋಡಿ. ಪ್ರೊಜೆಕ್ಟರಿಗೆ ಬೇಕಾದದ್ದು ಕತ್ತಲು. ಯಂತ್ರ ಕಪ್ಪನ್ನು ಎಸೆಯಲಾರದು, ಬೆಳಕು ಎಸೆಯದೆ ಬಿಟ್ಟ ಜಾಗವೇ ಅದರ ಕಪ್ಪು. ನನ್ನ ಕೋಣೆಯ ಸುಣ್ಣದ ಗೋಡೆಗಳು ಚಿತ್ರದ ಬೆಳಕನ್ನೇ ಹಿಡಿದು ಮತ್ತೆ ಪರದೆಗೆ ಚೆಲ್ಲುತ್ತಿದ್ದವು. ಹಾಗಾಗಿ ಕಾಡಿಗೆಯ ಕಪ್ಪು ಹೋಗಿ ಹಳೇ ಕೊಡೆಯದಾಯಿತು. ಅಕ್ಕಪಕ್ಕದ ಗೋಡೆಗೆ ಗಾಢ ಬಣ್ಣ ಬಳಿದು, ಕಿಟಕಿಗೆ ದಪ್ಪ ಪರದೆ ಇಳಿಬಿಟ್ಟರೆ ಕೊಡೆ ಮತ್ತೆ ಹೊಸದಾದೀತು. ಅಜ್ಜಿಯ ಬೀರು ಇರುವ ಕೋಣೆಗೆ ಹಾಗೆ ಮಾಡಲು ನನ್ನ ಮನಸ್ಸು ಬರಲಿಲ್ಲ.

ಹಾಗಾಗಿ ನನ್ನ ತೀರ್ಪು 55 ಅಂಗುಲದ ಓಎಲ್‌ಇಡಿಗೆ. ಏಳೂವರೆ ಅಡಿ ದೂರದಿಂದ ನೋಡಿದರೆ ಅದು ಕಣ್ಣಿನ ಮುಂದೆ 30 ಡಿಗ್ರಿ ಹರಡುತ್ತದೆ. ಚಿತ್ರಕ್ಕೆ ಹಿತವೆಂದು ಬಲ್ಲವರು ಹೇಳುವ ಹರವು ಅದು. ಇನ್ನೂ ಮುಳುಗಬೇಕೆನ್ನುವವರು ಇದೇ ದೂರಕ್ಕೆ 65 ಅಂಗುಲದ್ದನ್ನು ಧೈರ್ಯವಾಗಿ ತರಬಹುದು. ಓಎಲ್‌ಇಡಿಯ ಗಾಜು ಸಾಮಾನ್ಯವಾಗಿ ಕನ್ನಡಿಯಂತೆ ಹೊಳೆಯುವುದರಿಂದ ಕಿಟಕಿಯ ಎದುರಿಗೆ ಬೇಡ, ಪಕ್ಕದ ಗೋಡೆಗಿರಲಿ. ಕೂತಾಗ ಕಣ್ಣಿನ ಮಟ್ಟಕ್ಕೆ ಪರದೆಯ ನಡು ಬರಲಿ, ದೇವರ ಪಟದಂತೆ ಮೇಲೆ ಏರಿಸಬೇಡಿ. ಬೆಳಗಿನಿಂದ ರಾತ್ರಿಯವರೆಗೆ ಸುದ್ದಿ ಚಾನೆಲ್ ಹಾಕಿಡುವ ಮನೆಗೆ ಇದು ಬೇಡ. ಕದಲದೆ ನಿಂತ ಲಾಂಛನ ಕಾಲಾಂತರದಲ್ಲಿ ಪರದೆಗೆ ಹಚ್ಚೆಯಾಗಿಬಿಡಬಹುದು.

ತಂದ ದಿನವೇ ಸೆಟ್ಟಿಂಗಿಗೆ ಹೋಗಿ ಸಿನೆಮಾ ಅಥವಾ ಫಿಲ್ಮ್‌ಮೇಕರ್ ಮೋಡ್ ಆರಿಸಿ. ಮೊದಲು ಹಳದಿ ಎನಿಸುತ್ತದೆ, ಎರಡು ದಿನದಲ್ಲಿ ಕಣ್ಣು ಒಗ್ಗಿ ಉಳಿದುದೆಲ್ಲ ನೀಲಿ ಎನಿಸುತ್ತದೆ. ಚಲನೆಯನ್ನು ನುಣುಪಾಗಿಸುವ ಸೌಲಭ್ಯವನ್ನು ನಿಲ್ಲಿಸಿಬಿಡಿ. ಸೆಕೆಂಡಿಗೆ 24 ಚೌಕಟ್ಟುಗಳಲ್ಲಿ ತೆಗೆದ ಸಿನಿಮಾವನ್ನು ಅದು ಸಂಜೆಯ ಧಾರಾವಾಹಿಯಾಗಿಸುತ್ತದೆ. ದನಿಗೆ ಎರಡು ಪುಟ್ಟ ಸ್ಪೀಕರ್ ಸಾಕು, ಚಿಕ್ಕ ಕೋಣೆ ತಾನೇ ತಂಬೂರಿಯ ಬುರುಡೆ.

ಕಳೆದ ವಾರ ಅಕ್ಕ ಬಂದಿದ್ದಳು. 1977ರ 'ಘಟಶ್ರಾದ್ಧ' ಹಾಕಿದೆ. ಎಸ್. ರಾಮಚಂದ್ರ ಅವರ ಕ್ಯಾಮೆರಾ, ಮಲೆನಾಡಿನ ಮನೆಯೊಳಗಿನ ಆ ಮಬ್ಬು, ಕಥಾನಾಯಕಿ ಯಮುನಕ್ಕನ ಮುಖ. ಮುಗಿಯುವವರೆಗೂ ಅಕ್ಕ ಮಾತಾಡಲಿಲ್ಲ. ಆಮೇಲೆ, "ನಮ್ಮ ಅಜ್ಜಿ ಮನೆ ನಡುಮನೆ ಹೀಗೇ ಕತ್ತಲಾಗಿರ್ತಿತ್ತು ಕಣೋ" ಎಂದಳು. ಎಂಟು ತಿಂಗಳ ಬಗ್ಗೆ ಮತ್ತೆ ರೇಗಿಸಲಿಲ್ಲ.

ನೀವೂ ಅಂಗಡಿಗೆ ಹೋಗುವಾಗ ಪೆನ್‌ಡ್ರೈವಿನಲ್ಲಿ ಕಪ್ಪುಬಿಳುಪು ಚಿತ್ರದ್ದೊಂದು ರಾತ್ರಿಯ ದೃಶ್ಯ ಹಾಕಿಕೊಂಡು ಹೋಗಿ. ಮುಚ್ಚುವ ಹೊತ್ತಿಗೆ ಹೋಗಿ, ಒಂದು ಸಾಲಿನ ದೀಪ ಆರಿಸಲು ಹೇಳಿ, ಕಣ್ಣು ಕತ್ತಲಿಗೆ ಒಗ್ಗುವವರೆಗೆ ಎರಡು ನಿಮಿಷ ಕಾಯಿರಿ. ಬೆಲೆ ಕೇಳುವುದು ಆಮೇಲಾಗಲಿ.