ಬಿಟ್ಟದ್ದೂ ಒಂದು ಓದು: ಲಾರೆನ್ಸ್ ಡಿ. ಕೋಹೆನ್ ಚಿತ್ರಕಥೆಗಳು

ಕಾದಂಬರಿಯೊಂದು ಸಿನಿಮಾ ಆದಾಗಲೆಲ್ಲ ಅದರ ಓದುಗರಿಂದ ಮೊದಲು ಕೇಳಿಬರುವ ದೂರು, 'ಎಷ್ಟೊಂದು ಬಿಟ್ಟುಬಿಟ್ಟಿದ್ದಾರೆ' ಎಂಬುದು. ಬಿಟ್ಟದ್ದನ್ನೆಲ್ಲ ನಷ್ಟದ ಲೆಕ್ಕಕ್ಕೆ ಬರೆದು ಸುಮ್ಮನಾಗುತ್ತೇವೆ. ಬಿಟ್ಟದ್ದರಿಂದ ಕಥೆಯ ಅರ್ಥ ಎತ್ತ ತಿರುಗಿತು ಎಂದು ಕೇಳುವುದು ಕಡಿಮೆ. ಈ ಪ್ರಶ್ನೆಯನ್ನು ಕೇಳಿಕೊಳ್ಳಲು ಅಮೆರಿಕದ ಚಿತ್ರಕಥೆಗಾರ ಲಾರೆನ್ಸ್ ಡಿ. ಕೋಹೆನ್ ಅವರ ಕೆಲಸ ಒಳ್ಳೆಯ ನೆಪ. ಭಯಾನಕ ಕಾದಂಬರಿಗಳ ರೂಪಾಂತರದಿಂದಲೇ ಹೆಸರಾದ ಅವರು, ಸ್ಟೀಫನ್ ಕಿಂಗ್ ಅವರ 'ಕ್ಯಾರಿ'ಗೆ ಮತ್ತೆ ಮತ್ತೆ ಮರಳಿದವರು.

1974ರಲ್ಲಿ ಬಂದ 'ಕ್ಯಾರಿ' ಕಿಂಗ್ ಅವರ ಮೊದಲ ಪ್ರಕಟಿತ ಕಾದಂಬರಿ. ಸಹಪಾಠಿಗಳ ಗೇಲಿಗೂ ತಾಯಿಯ ಮತಾಂಧತೆಗೂ ಸಿಕ್ಕಿ ನಲುಗಿದ, ಮನಸ್ಸಿನ ಬಲದಿಂದಲೇ ವಸ್ತುಗಳನ್ನು ಅಲುಗಿಸಬಲ್ಲ ಹುಡುಗಿಯ ಕಥೆ ಅದು. ಆದರೆ ಅಲ್ಲಿರುವುದು ನೇರ ನಿರೂಪಣೆಯಲ್ಲ. ನಡುನಡುವೆ ಪತ್ರಿಕಾ ವರದಿಗಳು, ತನಿಖಾ ಆಯೋಗದ ಮುಂದಿನ ಹೇಳಿಕೆಗಳು, ಬದುಕುಳಿದ ಸಹಪಾಠಿ ಸ್ಯೂ ಬರೆದ ಪುಸ್ತಕದ ಭಾಗಗಳು ಬರುತ್ತವೆ. ಅನಾಹುತ ಆಗಿಹೋಗಿದೆ ಎಂಬುದು ಓದುಗರಿಗೆ ಬೇಗನೆ ತಿಳಿಯುತ್ತದೆ. ನಾವು ಓದುವುದು ಒಂದು ಬಗೆಯ ಮರಣೋತ್ತರ ವರದಿಯನ್ನು.

ಬ್ರಿಯಾನ್ ಡಿ ಪಾಮಾ ನಿರ್ದೇಶಿಸಿದ 1976ರ ಚಿತ್ರಕ್ಕೆ ಬರೆಯುವಾಗ ಕೋಹೆನ್ ಈ ಚೌಕಟ್ಟನ್ನೇ ಕಿತ್ತುಹಾಕಿದರು. ಕಾಲ ನೇರವಾಗಿ ಚಲಿಸತೊಡಗಿತು. ಪರಿಣಾಮ ಕಾಣುವುದು ಶಾಲೆಯ ನೃತ್ಯಕೂಟವಾದ 'ಪ್ರಾಮ್' ರಾತ್ರಿಯಲ್ಲಿ. ಮೇಲೆ ಕಟ್ಟಿಟ್ಟ ಹಂದಿರಕ್ತದ ಬಕೆಟ್ ನಮಗೆ ಕಾಣುತ್ತದೆ. ಆದರೂ ಈ ಹುಡುಗಿಗೆ ಒಂದು ರಾತ್ರಿಯಾದರೂ ಸುಖ ಸಿಗಲಿ ಎಂದು ಹಾರೈಸುತ್ತೇವೆ. ಕಾದಂಬರಿ ಈ ಆಸೆಗೆ ಜಾಗವನ್ನೇ ಕೊಟ್ಟಿರಲಿಲ್ಲ. ಮತ್ತೊಂದು ಬದಲಾವಣೆ ಇನ್ನೂ ಕಠೋರ: ಕಾದಂಬರಿಯಲ್ಲಿ ಬದುಕುಳಿಯುವ ವ್ಯಾಯಾಮ ಶಿಕ್ಷಕಿ ಚಿತ್ರದಲ್ಲಿ ಸಾಯುತ್ತಾಳೆ. ತನ್ನ ಪರ ನಿಂತವಳೂ ನಗುತ್ತಿರುವಂತೆ ಕ್ಯಾರಿಗೆ ಕಾಣುತ್ತದೆ. ಅವಮಾನದ ಸಿಟ್ಟು ಹಿತವರನ್ನೂ ಗುರುತಿಸಲಾರದು ಎಂಬುದನ್ನು ಒಂದೇ ಸಾವು ಹೇಳಿಬಿಡುತ್ತದೆ.

ಇದೇ ಕತ್ತರಿ ಎಲ್ಲ ಕಡೆ ಫಲಿಸಲಿಲ್ಲ. ಪೀಟರ್ ಸ್ಟ್ರಾಬ್ ಅವರ 'ಗೋಸ್ಟ್ ಸ್ಟೋರಿ' (1979) ಒಬ್ಬರ ಕಥೆಯಲ್ಲ. ಕೂತು ದೆವ್ವದ ಕಥೆ ಹೇಳಿಕೊಳ್ಳುವ ಮುದುಕರದು, ಅವರ ಇಡೀ ಊರಿನದು. ಅಲ್ಲಿ ಕೇಡು ರೂಪ ಬದಲಿಸುತ್ತ ಕಥೆಯಿಂದ ಕಥೆಗೆ ಹರಿಯುತ್ತದೆ. 1981ರ ಚಿತ್ರ ಅದನ್ನು ಹಳೆಯ ಪಾಪವೊಂದರ ಸೇಡಿಗೆ ಇಳಿಸಿತು. ಫ್ರೆಡ್ ಆಸ್ಟೇರ್ ಅವರಂಥ ಹಿರಿಯ ನಟರಿದ್ದರೂ ಕಾದಂಬರಿಯ ಊರು ತೆರೆಯ ಮೇಲೆ ಕಾಣಲಿಲ್ಲ. ಸಾವಿರ ಪುಟ ಮೀರಿದ ಕಿಂಗ್ ಕಾದಂಬರಿ 'ಇಟ್' 1990ರಲ್ಲಿ ಎರಡು ರಾತ್ರಿಗಳ ಟೀವಿ ಚಿತ್ರವಾಯಿತು. ಮೊದಲ ಕಂತಿನಲ್ಲಿ ಒಂದೊಂದು ದೂರವಾಣಿ ಕರೆಯೂ ಒಬ್ಬೊಬ್ಬರ ಬಾಲ್ಯವನ್ನು ಎಬ್ಬಿಸುತ್ತದೆ. ನೆನಪೇ ಭಯವಾಗುವ ಆ ಹೆಣಿಗೆ ಎರಡನೆಯ ಕಂತಿನಲ್ಲಿ ಸಡಿಲಗೊಂಡಿತು. ಆ ಕಂತನ್ನು ನಿರ್ದೇಶಕ ಟಾಮಿ ಲೀ ವ್ಯಾಲೇಸ್ ಕೂಡ ಬರೆದಿದ್ದರು.

ಈ ನಡುವೆ 1988ರಲ್ಲಿ ಕೋಹೆನ್ 'ಕ್ಯಾರಿ'ಯನ್ನು ಸಂಗೀತ ನಾಟಕವಾಗಿಸಿದ್ದರು. ಬ್ರಾಡ್‌ವೇಯಲ್ಲಿ ಅಧಿಕೃತವಾಗಿ ತೆರೆಕಂಡ ಮೇಲೆ ಅದು ಕಂಡದ್ದು ಐದೇ ಪ್ರದರ್ಶನ. ಅದರ ಹೆಸರೇ ಸೋಲಿಗೆ ಪರ್ಯಾಯವಾಯಿತು. ಅಲ್ಲಿಗೇ ಕೈಬಿಡಬಹುದಿತ್ತು. ಆದರೆ 2012ರಲ್ಲಿ ನ್ಯೂಯಾರ್ಕಿನಲ್ಲೇ ಅದು ಪರಿಷ್ಕೃತಗೊಂಡು ಮತ್ತೆ ರಂಗವೇರಿತು. ಆ ರೂಪದಲ್ಲಿ ಸ್ಯೂ ವಿಚಾರಣೆಗೆ ಉತ್ತರಿಸುತ್ತ ಕಥೆ ಹೇಳುತ್ತಾಳೆ. ಅಂದರೆ, 1976ರಲ್ಲಿ ಕಿತ್ತ ಸಾಕ್ಷ್ಯದ ಚೌಕಟ್ಟು ಮೂವತ್ತಾರು ವರ್ಷಗಳ ನಂತರ ಮರಳಿತ್ತು.

ಇದನ್ನು ಮೂಲನಿಷ್ಠೆಗೆ ಶರಣಾಗತಿ ಎಂದು ಓದಬೇಕಿಲ್ಲ. ಬದಲಾದದ್ದು ಕೃತಿಗೆ ಹಾಕಿದ ಪ್ರಶ್ನೆ. ಸಿನಿಮಾ ನಮ್ಮನ್ನು ಕ್ಯಾರಿಯ ಜಾಗದಲ್ಲಿ ನಿಲ್ಲಿಸಿತ್ತು; ಪರಿಷ್ಕೃತ ನಾಟಕ ಸ್ಯೂಳ ಜಾಗದಲ್ಲಿ ಕೂರಿಸುತ್ತದೆ. ಅವಳು ಗೇಲಿ ಮಾಡಿದ ಗುಂಪಿನಲ್ಲಿದ್ದವಳು, ಪ್ರಾಯಶ್ಚಿತ್ತಕ್ಕೆಂದು ತನ್ನ ಗೆಳೆಯನನ್ನೇ ಕ್ಯಾರಿಯ ಜೊತೆ ಕಳಿಸಿದವಳು, ಕೊನೆಗೆ ಉಳಿದವಳು. ಶಾಲೆಯಲ್ಲಿ ನಮ್ಮಲ್ಲಿ ಹೆಚ್ಚಿನವರು ಕ್ಯಾರಿಯಾಗಿರಲಿಲ್ಲ, ಸ್ಯೂ ಆಗಿದ್ದೆವು. ಅವಳ ಹೇಳಿಕೆಯನ್ನು ಕೇಳುವಾಗ ಹುಟ್ಟುವ ಭಯಕ್ಕೆ ಅತಿಮಾನುಷ ಶಕ್ತಿಯ ಅಗತ್ಯವೇ ಇಲ್ಲ.